ಇನ್ಸ್‌ಪೆಕ್ಟರಮ್ಮನ ತಂಗಿ ಬರೆದ ಪುಸ್ತಕ

ನಮ್ಮ ಪತ್ರಿಕೆಯಲ್ಲಿ ಅಪರಾಧ ಸುದ್ದಿ ಬರೆಯುತ್ತಿದ್ದ ಹೆಂಗಸನ್ನು ಎಲ್ಲರೂ ಇನ್ಸ್‌ಪೆಕ್ಟರಮ್ಮ ಎಂದೇ ಕರೆಯುತ್ತಿದ್ದರು. ಬೆಳಿಗ್ಗೆ ಒಂದು ಠಾಣೆ, ಮಧ್ಯಾಹ್ನ ಇನ್ನೊಂದು ಠಾಣೆ, ಸಂಜೆ ಕಮಿಷನರ್ ಕಚೇರಿ. ಹೊಸದಾಗಿ ವರ್ಗವಾಗಿ ಬಂದ ಪೊಲೀಸರು ನೀರಿನ ಹೂಜಿ ಎಲ್ಲಿದೆ ಎಂದು ಅವರನ್ನೇ ಕೇಳುತ್ತಾರೆ ಎಂಬುದು ನಮ್ಮ ಕಚೇರಿಯ ಹಳೆಯ ಜೋಕು. ಅದರಲ್ಲಿ ಮುಕ್ಕಾಲು ಪಾಲು ನಿಜ. ನನ್ನದು ಕ್ರೀಡಾ ಪುಟ, ಮೇಜು ಅವರ ಪಕ್ಕದಲ್ಲೇ. ಇಬ್ಬರಿಗೂ ಒಂದೇ ಕಿಟಕಿ, ಒಂದೇ ಫ್ಯಾನು, ಒಂದೇ ಬಿಸ್ಕತ್ತಿನ ಡಬ್ಬಿ. ಹಾಗಾಗಿ ಅವರ ಹೊಟ್ಟೆಕಿಚ್ಚು ಹೊತ್ತಿಕೊಂಡ ಗಳಿಗೆಯಿಂದ ನಾನು ಅದರ ಪಕ್ಕದಲ್ಲೇ ಕೂತವನು.

ಹೊಟ್ಟೆಕಿಚ್ಚು ಒಡಹುಟ್ಟಿದ ತಂಗಿಯ ಮೇಲೆ.

ತಂಗಿ ಕಾನೂನು ಕಾಲೇಜಿನಲ್ಲಿ ಪಾಠ ಹೇಳುವವರು. ಕೆಲವು ವರ್ಷ ಕರಿಕೋಟು ಹಾಕಿಕೊಂಡು ಕ್ರಿಮಿನಲ್ ಕೇಸು ನಡೆಸಿದ್ದರು. ಜಡ್ಜ್ ಮುಂದೆ ದನಿ ಏರಿಸುವುದು ತಮ್ಮಿಂದಾಗದು ಎಂದು ಅದನ್ನು ಬಿಟ್ಟರು. ಮೆಲು ಮಾತು, ದಪ್ಪ ಕನ್ನಡಕ, ಯಾರಾದರೂ ಎದುರಿಗೆ ಬಂದರೆ ಗೋಡೆಗೆ ಒತ್ತಿಕೊಂಡು ದಾರಿ ಬಿಡುವ ಸ್ವಭಾವ. ಶಾಲೆಯಲ್ಲಿದ್ದಾಗ ಅವರ ಪ್ರಬಂಧಗಳನ್ನೆಲ್ಲ ಅಕ್ಕನೇ ಬರೆದುಕೊಡುತ್ತಿದ್ದರಂತೆ.

"'ನಾನು ಕಂಡ ಒಂದು ಅಪಘಾತ' ನಂದು. 'ನನ್ನ ನೆಚ್ಚಿನ ಟೀಚರ್' ನಂದು. ಬಹುಮಾನ ಬಂದ ಪೆನ್ನು ಮಾತ್ರ ಅವಳದ್ದು," ಎಂದು ಇನ್ಸ್‌ಪೆಕ್ಟರಮ್ಮ ನಗುತ್ತ ಹೇಳುತ್ತಿದ್ದರು. ಆಗಿನ್ನೂ ಅದು ನಗುವ ಮಾತಾಗಿತ್ತು.

ಆ ತಂಗಿ ಒಂದು ಪುಸ್ತಕ ಬರೆದರು. ನ್ಯಾಯಾಲಯ ತೀರ್ಪು ಕೊಡುವುದಕ್ಕೆ ಎಷ್ಟೋ ಮೊದಲೇ ಪತ್ರಿಕೆಗಳೂ ಟೀವಿಗಳೂ ಒಬ್ಬ ಮನುಷ್ಯನನ್ನು ಅಪರಾಧಿ ಮಾಡಿ ಮುಗಿಸುತ್ತವೆ ಎನ್ನುವುದು ಅದರ ವಿಷಯ. ಪೊಲೀಸರು ಆರೋಪಿಯನ್ನು ಕ್ಯಾಮರಾ ಮುಂದೆ ಯಾಕೆ ನಿಲ್ಲಿಸುತ್ತಾರೆ, ಬಂಧನದ ಸುದ್ದಿ ಮೊದಲ ಪುಟಕ್ಕೆ ಬಂದರೆ ಬಿಡುಗಡೆಯ ಸುದ್ದಿ ಎಲ್ಲಿ ಹೋಗಿ ಬೀಳುತ್ತದೆ, ಬಿಡುಗಡೆಯಾದವನನ್ನು ಬೀದಿ ಬಿಡುಗಡೆ ಮಾಡುತ್ತದೆಯೇ, ಹೀಗೆ. ಕಾನೂನಿನ ಪುಸ್ತಕ, ಗ್ರಂಥಾಲಯದಲ್ಲಿ ದೂಳು ತಿನ್ನುತ್ತದೆ ಎಂದೇ ಎಲ್ಲರೂ ತಿಳಿದಿದ್ದರು. ಆದರೆ ನಿವೃತ್ತ ನ್ಯಾಯಾಧೀಶರೊಬ್ಬರು ಯಾವುದೋ ಸಭೆಯಲ್ಲಿ ಅದನ್ನು ಎತ್ತಿಹಿಡಿದು ತೋರಿಸಿದ್ದೇ ತಡ, ಪುಸ್ತಕ ಬಿಸಿ ದೋಸೆಯಂತೆ ಖರ್ಚಾಯಿತು. ಗೋಡೆಗೆ ಒತ್ತಿಕೊಳ್ಳುತ್ತಿದ್ದ ತಂಗಿ ಟೀವಿಯಲ್ಲಿ ಕೂತು ಚರ್ಚೆ ಮಾಡತೊಡಗಿದರು. ಯಾವ ಟೀವಿಯನ್ನು ಬೈದು ಬರೆದಿದ್ದರೋ ಅದೇ ಟೀವಿಯಲ್ಲಿ!

"ನೋಡಿ, ನೋಡಿ," ಎಂದು ಇನ್ಸ್‌ಪೆಕ್ಟರಮ್ಮ ಕಚೇರಿಯ ಟೀವಿಯತ್ತ ಬಿಸ್ಕತ್ತು ಚಾಚಿದರು. "ಮುಖಕ್ಕೆ ಪೌಡರು ಬೇರೆ. ನಮ್ಮಮ್ಮ ಕೇಳಿದ್ರೂ ಹಚ್ಕೊಳ್ತಿರಲಿಲ್ಲ ಇವಳು."

ಅಷ್ಟರಲ್ಲಿ ಸಂಪಾದಕರು ಆ ಕಡೆ ಬಂದು, "ನಿಮ್ಮ ತಂಗಿ ಎಷ್ಟು ಚೆನ್ನಾಗಿ ಬರೀತಾರ್ರೀ! ಮೊದಲೇ ಗೊತ್ತಿದ್ರೆ ಅಂಕಣ ಬರೆಸಬಹುದಿತ್ತು," ಎಂದು ಉರಿಯುವ ಬೆಂಕಿಗೆ ತುಪ್ಪ ಸುರಿದು ಹೋದರು. ಇನ್ಸ್‌ಪೆಕ್ಟರಮ್ಮನ ಕೈಯಲ್ಲಿದ್ದ ಬಿಸ್ಕತ್ತು ಪುಡಿಯಾಯಿತು.

ಆದರೆ ಅವರನ್ನು ನಿಜವಾಗಿ ಸುಟ್ಟಿದ್ದು ಮೂರನೆಯ ಅಧ್ಯಾಯ.

ಬಹಳ ಹಿಂದೆ ಒಂದು ಅಪಾರ್ಟ್‌ಮೆಂಟಿನಲ್ಲಿ ಒಂಟಿ ಮುದುಕಿಯೊಬ್ಬಳ ಕೊಲೆಯಾಗಿತ್ತು. ಆ ಕಟ್ಟಡದ ಲಿಫ್ಟ್ ನೋಡಿಕೊಳ್ಳುತ್ತಿದ್ದ ಮೆಕ್ಯಾನಿಕ್ಕನನ್ನು ಪೊಲೀಸರು ಹಿಡಿದರು. "ಲಿಫ್ಟ್ ಸರಿಮಾಡಲು ಬಂದ, ಉಸಿರು ನಿಲ್ಲಿಸಿ ಹೋದ" ಎಂಬ ತಲೆಬರಹದಲ್ಲಿ ನಮ್ಮ ಪತ್ರಿಕೆಯ ಮೊದಲ ಪುಟಕ್ಕೆ ಆ ಸುದ್ದಿ ಬಂತು. ಬರೆದವರು ಇನ್ಸ್‌ಪೆಕ್ಟರಮ್ಮ. ಆ ತಲೆಬರಹ ಊರಿಗೆಲ್ಲ ಬಾಯಿಪಾಠವಾಗಿತ್ತು. ಕೇಸು ವರ್ಷಗಟ್ಟಲೆ ಎಳೆಯಿತು. ಕಡೆಗೆ, ಕೊಲೆಯಾದ ಹೊತ್ತಿಗೆ ಅವನು ಊರಿನ ಇನ್ನೊಂದು ತುದಿಯ ಆಸ್ಪತ್ರೆಯಲ್ಲಿ ಲಿಫ್ಟಿನ ಮೇಲೆ ಹತ್ತಿ ಕೂತಿದ್ದ ಎಂದು ನರ್ಸುಗಳೇ ಸಾಕ್ಷಿ ಹೇಳಿದರು. ಅವನು ನಿರ್ದೋಷಿ ಎಂದು ತೀರ್ಪಾಯಿತು. ಆ ಸುದ್ದಿ ನಮ್ಮಲ್ಲಿ ಒಳಪುಟದಲ್ಲಿ, ಹೊಲಿಗೆ ಯಂತ್ರದ ಜಾಹೀರಾತಿನ ಕೆಳಗೆ, ನಾಲ್ಕು ಸಾಲು ಬಂತು. ತಂಗಿ ಎರಡೂ ಪುಟಗಳ ಚಿತ್ರವನ್ನು ಪುಸ್ತಕದಲ್ಲಿ ಎದುರುಬದುರು ಅಚ್ಚು ಹಾಕಿಸಿದ್ದರು. ವರದಿಗಾರರ ಹೆಸರಿದ್ದ ಜಾಗಕ್ಕೆ ಮಾತ್ರ ಕರಿಪಟ್ಟಿ ಬಳಿಸಿ, "ಹಿರಿಯ ವರದಿಗಾರರೊಬ್ಬರು" ಎಂದಷ್ಟೇ ಬರೆದಿದ್ದರು.

"ಅಮ್ಮ ಏನಂದ್ರು?" ಎಂದು ನಾನು ಕೇಳಿದೆ. ತಾಯಿ ದೊಡ್ಡ ಮಗಳ ಜೊತೆಗೇ ಇದ್ದರು. ಮೊದಲು ಶಾಲಾ ಮಕ್ಕಳ ಸಮವಸ್ತ್ರ ಹೊಲಿಯುತ್ತಿದ್ದ ಗಟ್ಟಿ ಮುದುಕಿ, ಮಾತು ಸೂಜಿಯಷ್ಟೇ ಚೂಪು.

"'ನಿನ್ನ ಹೆಸರೇ ಬರೆದಿಲ್ವಲ್ಲೇ, ಕುಂಬಳಕಾಯಿ ಕಳ್ಳ ಅಂದ್ರೆ ಹೆಗಲು ಯಾಕೆ ಮುಟ್ಕೊಳ್ತೀಯ?' ಅಂದ್ಳು. ತಂಗಿ ಫೋಟೋ ಬಂದ ಪೇಪರೆಲ್ಲ ಕತ್ತರಿಸಿ ಫ್ರಿಜ್ಜಿಗೆ ಅಂಟಿಸಿದ್ದಾಳೆ. ಇಷ್ಟು ವರ್ಷ ದಿನಾ ನನ್ನ ಹೆಸರು ಪೇಪರಲ್ಲಿ ಬಂತು. ಅದನ್ನ ಏನ್ ಮಾಡ್ತಿದ್ಳು ಗೊತ್ತಾ? ಕಪಾಟಿನ ಅಡಿಗೆ ಹಾಸ್ತಿದ್ಳು."

ಅವರ ಕಣ್ಣಲ್ಲಿ ನೀರಿರಲಿಲ್ಲ, ಕೆಂಪಿತ್ತು. ಮುಂದಿನ ದಿನಗಳಲ್ಲಿ ಅವರು ಆ ಪುಸ್ತಕವನ್ನು ಆರೋಪಪಟ್ಟಿ ಓದುವ ಹಾಗೆ ಓದಿದರು. ಎಲ್ಲಾದರೂ ಒಂದು ಇಸವಿ ತಪ್ಪಿದೆಯೇ, ಒಂದು ಕಲಮು ತಪ್ಪಿದೆಯೇ ಎಂದು ಕೆಂಪು ಪೆನ್ನು ಹಿಡಿದು ಹುಡುಕಿದರು. ತಂಗಿ ಒಂದು ಕೂದಲೆಳೆಯಷ್ಟೂ ಸಿಗಿಸಿಕೊಟ್ಟಿರಲಿಲ್ಲ. ತಪ್ಪು ಸಿಗದಿದ್ದಷ್ಟೂ ಇವರ ಹೊಟ್ಟೆ ಉರಿ ಹೆಚ್ಚಾಯಿತು. ನಿದ್ದೆ ಕೆಟ್ಟಿತು. ಒಂದು ಸಲ ಮನೆ ಕಳ್ಳತನದ ಸುದ್ದಿಯಲ್ಲಿ ಕಳೆದುಕೊಂಡವನ ಹೆಸರನ್ನೇ ಕದ್ದವನ ಜಾಗದಲ್ಲಿ ಬರೆದು, ಪುಟ ಹೋಗುವ ಮುಂಚೆ ನಾನು ನೋಡಿದ್ದರಿಂದ ಉಳಿದರು.

ಒಂದು ಬೆಳಿಗ್ಗೆ ನನ್ನ ಮೇಜಿನ ಮುಂದೆ ಬಂದು ನಿಂತರು. "ನಿಮ್ಮ ಕಾರು ಇದೆಯಾ? ಆ ಮೆಕ್ಯಾನಿಕ್ ಎಲ್ಲಿದ್ದಾನೆ ಅಂತ ಪತ್ತೆ ಮಾಡಿದೆ. ಅವನ ಹತ್ರ ಮಾತಾಡ್ಬೇಕು."

"ಯಾಕೆ?"

"ಪುಸ್ತಕದಲ್ಲಿ ಅವನು ಅಂದ ಅಂತ ಬರೆದಿರೋದೆಲ್ಲ ಅವನು ಅಂದಿದ್ದೇನಾ ಅಂತ ಕೇಳೋಕೆ. ಇವಳು ಕಥೆ ಕಟ್ಟಿದ್ರೆ?"

ಹೋದೆವು. ಹೊಸ ಬಡಾವಣೆಯ ಎತ್ತರದ ಕಟ್ಟಡ. ಲಿಫ್ಟ್ ಕೆಟ್ಟಿತ್ತು, ಮೇಲಿನ ಮಹಡಿಯ ಯಂತ್ರದ ಕೋಣೆಗೆ ಮೆಟ್ಟಿಲು ಹತ್ತಿಯೇ ಹೋಗಬೇಕಾಯಿತು. ಮಂಡಿನೋವಿನ ಇನ್ಸ್‌ಪೆಕ್ಟರಮ್ಮ ಪ್ರತಿ ಮಹಡಿಯಲ್ಲೂ ನಿಂತು ತಂಗಿಯನ್ನು ಬೈದು ಮುಂದೆ ಹತ್ತಿದರು. ಕೋಣೆಯೊಳಗೆ ಗ್ರೀಸಿನ ವಾಸನೆ. ನೆಲದ ಮೇಲೆ ಸ್ಪ್ಯಾನರುಗಳನ್ನು ಸಾಲಾಗಿ ಜೋಡಿಸಿಕೊಂಡು, ತಲೆ ನರೆತ ತೆಳ್ಳನೆಯ ಮನುಷ್ಯನೊಬ್ಬ ಮೋಟರಿನ ಮುಂದೆ ಮಂಡಿಯೂರಿದ್ದ. ತಿರುಗಿ ನೋಡಿದವನೇ ಎದ್ದು ನಿಂತ.

"ನೀವು ಆ ಪೇಪರಿನ ಮೇಡಂ ಅಲ್ವಾ? ಅವತ್ತು ಠಾಣೆ ಮುಂದೆ ಹಸಿರು ಛತ್ರಿ ಹಿಡ್ಕೊಂಡಿದ್ರಿ."

ಇನ್ಸ್‌ಪೆಕ್ಟರಮ್ಮ ಅವನ ಮುಖವನ್ನು ಮರೆತೇಬಿಟ್ಟಿದ್ದರು. ಅವನು ಅವರ ಛತ್ರಿಯ ಬಣ್ಣವನ್ನೂ ಮರೆತಿರಲಿಲ್ಲ. ಆದರೂ ಸಾವರಿಸಿಕೊಂಡು, ಪುಸ್ತಕ ಬರೆದವಳು ತಮ್ಮ ತಂಗಿ ಎಂದು ಹೇಳಿ ಅದರ ಮಾತೆತ್ತಿದರು.

"ತಂಗಿ ಮೇಡಂ ಒಳ್ಳೆಯವ್ರು," ಎಂದ ಅವನು, ಕೈ ಒರೆಸಿಕೊಳ್ಳುತ್ತ. "ಎಷ್ಟೋ ಸಲ ಮನೆಗೆ ಬಂದ್ರು. ನೆಲದ ಮೇಲೆ ಕೂತು ಎಲ್ಲ ಕೇಳಿಸ್ಕೊಂಡ್ರು. ನಾನು ಹೇಳಿದ್ದಕ್ಕಿಂತ ಒಂದು ಮಾತೂ ಹೆಚ್ಚು ಬರೆದಿಲ್ಲ."

ಆ ಹೊಗಳಿಕೆ ಇನ್ಸ್‌ಪೆಕ್ಟರಮ್ಮನಿಗೆ ಎಲ್ಲಿ ತಗುಲಿತೆಂದು ಅವರ ಮುಖ ನೋಡಿದರೇ ತಿಳಿಯುತ್ತಿತ್ತು. ಹೊರಡಲು ಅವರು ಅರ್ಧ ತಿರುಗಿದ್ದರು.

"ಆದ್ರೆ ಒಂದು ಮಾತು ಮೇಡಂ..." ಎಂದ ಅವನು. "ಹೆಸರು ಹಾಕ್ಲಾ ಅಂತ ಕೇಳಿದ್ರು, ಹಾಕಿ ಅಂದೆ. ಪುಸ್ತಕ ಯಾರು ಓದ್ತಾರೆ ಅಂದ್ಕೊಂಡೆ. ಈಗ ಟೀವಿಯಲ್ಲಿ ಆ ಹಳೇ ಪೇಪರು ದೊಡ್ಡದಾಗಿ ತೋರಿಸ್ತಾರೆ. ಅದರಲ್ಲಿ ನನ್ನ ಫೋಟೋ ಇದೆಯಲ್ಲ. ತಂಗಿ ಮೇಡಂ 'ಇವನು ನಿರ್ದೋಷಿ' ಅಂತಾನೇ ಹೇಳ್ತಾರೆ. ಜನ ಟೀವಿ ಶಬ್ದ ಕಮ್ಮಿ ಮಾಡಿ ನೋಡ್ತಾರೋ ಏನೋ. ಎರಡು ಕಟ್ಟಡದವ್ರು ನಾಳೆಯಿಂದ ಬರಬೇಡ ಅಂದ್ರು. ಇಲ್ಲಿನವ್ರಿಗೆ ಇನ್ನೂ ಗೊತ್ತಿಲ್ಲ. ಮೀಸೆ ಬೋಳಿಸಿ, ಮನೆ ಬದಲಾಯಿಸಿ, ಮರೆಸಿದ್ದೆ ಎಲ್ಲಾನೂ."

"ಇದನ್ನ ಅವಳಿಗೆ ಹೇಳಿದ್ರಾ?"

"ಹೆಂಗೆ ಹೇಳೋದು? ಪಾಪ, ನನ್ನ ಒಳ್ಳೇದಕ್ಕೇ ಅಂತ ಬರೆದವ್ರು." ಅವನು ತಗ್ಗಿದ ದನಿಯಲ್ಲಿ ಮುಂದುವರಿಸಿದ: "ನೀವೂ ಬರೀಬೇಡಿ ಮೇಡಂ. ಒಳ್ಳೇದಾಗಿ ಬರೆದ್ರೂ ಬೇಡ, ಕೆಟ್ಟದಾಗಿ ಬರೆದ್ರೂ ಬೇಡ. ನನ್ನ ಬಗ್ಗೆ ಯಾರೂ ಏನೂ ಬರೀದೆ ಇದ್ರೆ ಸಾಕು."

ಕೆಳಗಿಳಿಯುವಾಗ ಮಂಡಿನೋವು ಎಲ್ಲಿ ಹೋಗಿತ್ತೋ! ಕಾರಿನಲ್ಲಿ ಕೂತವರೇ ಎರಡು ಕೈಯನ್ನೂ ತೊಡೆಗೆ ಬಡಿದುಕೊಂಡು, "ಸಿಕ್ಕಿಬಿದ್ಲು!" ಎಂದರು. "ನನ್ನ ಹೆಸರಿಗೆ ಕರಿಪಟ್ಟಿ ಬಳೀತಾಳೆ, ಅವನ ಹೆಸರು, ಮುಖ, ಎಲ್ಲ ಬಟಾಬಯಲು! ಪತ್ರಿಕೆಗಳು ಹಾಗೆ, ಪತ್ರಿಕೆಗಳು ಹೀಗೆ ಅಂತ ಉಪದೇಶ ಬೇರೆ. ನಾನು ಒಂದು ಸಲ ಅವನನ್ನ ಮೊದಲ ಪುಟಕ್ಕೆ ಹಾಕಿದೆ. ಇವಳು ಪ್ರತೀ ಚಾನೆಲ್ಲಿಗೆ ಹಾಕಿದ್ಲು."

ಅಷ್ಟು ಸಂತೋಷವನ್ನು ನಾನು ಅವರ ಮುಖದಲ್ಲಿ ಯಾವತ್ತೂ ಕಂಡಿರಲಿಲ್ಲ. ಮದುವೆಮನೆಗೆ ಹೋಗಿ ಬಂದವರ ಹಾಗಿದ್ದರು.

ಮಾರನೆಯ ದಿನ ಲೇಖನ ಬರೆದರು. ಒಂದೇ ಕೂತಲ್ಲಿ, ಚಹಾ ಆರಿಹೋಗಲು ಬಿಟ್ಟು, ಯಾರ ಮಾತಿಗೂ ತಲೆ ಎತ್ತದೆ. ಮುಗಿಸಿ ನನಗೆ ಓದಲು ಕೊಟ್ಟರು. ನಿಜ ಹೇಳಬೇಕೆಂದರೆ ಅಷ್ಟು ಚೆನ್ನಾಗಿ ಅವರು ಎಂದೂ ಬರೆದಿರಲಿಲ್ಲ. ಪ್ರಾಸದ ತಲೆಬರಹವಿಲ್ಲ, "ಬೆಚ್ಚಿಬಿದ್ದ ನಾಗರಿಕರು" ಇಲ್ಲ. ಯಂತ್ರದ ಕೋಣೆ, ನರೆತ ತಲೆ, ಸಾಲಾಗಿಟ್ಟ ಸ್ಪ್ಯಾನರು, ಟೀವಿಯ ಶಬ್ದ ಕಮ್ಮಿ ಮಾಡಿ ನೋಡುವ ಜನ. ಓದುತ್ತ ಓದುತ್ತ ನನಗೇ ಒಳಗೊಳಗೆ ಉರಿಯಿತು. ಜೀವಮಾನವೆಲ್ಲ ಗೋಲು, ಓಟ, ಗೆಲುವು, ಸೋಲು ಎಂದು ಬರೆದವನು ನಾನು. ಮೆಕ್ಯಾನಿಕ್ಕನ ಹೆಸರನ್ನು ಅವರು ಎಲ್ಲೂ ಹಾಕಿರಲಿಲ್ಲ.

"ಹೆಸರಿಲ್ಲ, ಆದ್ರೂ ಪುಸ್ತಕ ಓದಿದವ್ರಿಗೆಲ್ಲ ಇವನೇ ಅಂತ ಗೊತ್ತಾಗುತ್ತೆ," ಎಂದೆ.

"ಗೊತ್ತಾಗುತ್ತೆ," ಎಂದರು.

"ಬರೀಬೇಡಿ ಅಂದಿದ್ದ."

"ಕೇಳಿಸ್ಕೊಂಡಿದ್ದೀನಿ. ನಂಗೂ ಕಿವಿ ಇದೆ."

ಅಷ್ಟರಲ್ಲಿ ವಾಸನೆ ಹಿಡಿದು ಸಂಪಾದಕರೇ ಬಂದರು. ಅಕ್ಕನೇ ತಂಗಿಯ ಪುಸ್ತಕದ ಮೇಲೆ ಬರೆಯುತ್ತಾಳೆ ಎಂದರೆ ಯಾವ ಸಂಪಾದಕನಿಗೆ ಬಾಯಲ್ಲಿ ನೀರೂರದು? "ಮೊದಲ ಪುಟ ಕೊಡ್ತೀನಿ. ಇಬ್ಬರ ಫೋಟೋನೂ ಹಾಕೋಣ, ಎದುರುಬದುರು," ಎಂದರು.

"ನೋಡ್ತೀನಿ ಸರ್, ಇನ್ನೂ ಸ್ವಲ್ಪ ತಿದ್ದಬೇಕು," ಎಂದರು ಇನ್ಸ್‌ಪೆಕ್ಟರಮ್ಮ. ಸಂಜೆಯಾಯಿತು, ತಿದ್ದಲಿಲ್ಲ, ಕೊಡಲೂ ಇಲ್ಲ. ಹಾಳೆಗಳನ್ನು ಮಡಿಸಿ ಕೈಚೀಲಕ್ಕೆ ತುರುಕಿಕೊಂಡರು. ಕಾರಣ ಕೇಳಿದ್ದಕ್ಕೆ, "ಇದು ಅಚ್ಚಾದ್ರೆ ಅವಳ ಪುಸ್ತಕ ಇನ್ನೂ ಹತ್ತು ಪಟ್ಟು ಖರ್ಚಾಗುತ್ತೆ. ಅವಳಿಗೆ ಪುಕ್ಕಟೆ ಪ್ರಚಾರ ಮಾಡೋಕೆ ನನಗೇನು ಹುಚ್ಚಾ?" ಎಂದರು. ಅದನ್ನು ನಾನು ಪೂರ್ತಿ ನಂಬಲಿಲ್ಲ. ಪೂರ್ತಿ ಸುಳ್ಳು ಎಂದೂ ಹೇಳಲಾರೆ.

ಆ ಭಾನುವಾರ ನನ್ನನ್ನು ಊಟಕ್ಕೆ ಕರೆದರು. ತಂಗಿಯೂ ಬರುತ್ತಾಳೆ, ಒಬ್ಬ ಹೊರಗಿನ ಸಾಕ್ಷಿ ಇರಲಿ ಎಂದರು. ಎರಡನೆಯ ಮಹಡಿಯ ಸಣ್ಣ ಮನೆ. ಊಟದ ಮೇಜಿನ ಒಂದು ತುದಿಯಲ್ಲಿ ಅಮ್ಮನ ಹೊಲಿಗೆ ಯಂತ್ರ. ಫ್ರಿಜ್ಜಿನ ಬಾಗಿಲ ತುಂಬ ಕಿರಿಯ ಮಗಳೇ. ನೀರಿನ ಬಾಟಲಿ ತೆಗೆಯಲು ಹೋದಾಗಲೆಲ್ಲ ಇನ್ಸ್‌ಪೆಕ್ಟರಮ್ಮ ಬಾಗಿಲನ್ನು ಅಗತ್ಯಕ್ಕಿಂತ ಜೋರಾಗಿ ಮುಚ್ಚುತ್ತಿದ್ದರು.

ಊಟವಾಯಿತು. ತಟ್ಟೆ ಎತ್ತುವ ಮುಂಚೆಯೇ ಅವರು ಕೈಚೀಲದಿಂದ ಹಾಳೆ ತೆಗೆದು, ಮೊದಲಿಂದ ಕಡೆಯವರೆಗೆ ಗಟ್ಟಿಯಾಗಿ ಓದಿದರು. ತಂಗಿ ಕನ್ನಡಕ ತೆಗೆದು ಕೈಯಲ್ಲಿ ಹಿಡಿದುಕೊಂಡರು.

"ನಿಜಾನಾ ಅಕ್ಕ? ಕೆಲಸದಿಂದ ತೆಗೆದ್ರಾ?"

"ಇವರನ್ನೇ ಕೇಳು, ಜೊತೆಗಿದ್ರು." ನಾನು ತಲೆಯಾಡಿಸಿದೆ.

"ಹೆಸರು ಹಾಕ್ಲಾ ಅಂತ ನಾನು ಕೇಳಿದ್ದೆ. ಅವರೇ ಒಪ್ಪಿದ್ರು."

"ಕೇಳ್ದೆ, ಒಪ್ಪಿದ. ಪೊಲೀಸರು ಹೇಳಿದ್ರು, ನಾನು ಬರೆದೆ. ಎರಡಕ್ಕೂ ಏನೇ ವ್ಯತ್ಯಾಸ? ನನ್ನ ಹೆಸರು ಬಚ್ಚಿಡು ಅಂತ ನಾನು ಕೇಳಿದ್ನಾ? ಬಚ್ಚಿಡಬೇಕಾಗಿದ್ದು ಅವನದ್ದು!"

"ನಿನಗೆ ನೋವಾಗಬಾರದು ಅಂತ..."

"ನೋವಾಗಬಾರದಂತೆ! ನಾಲ್ಕು ಜನ ಬೈದಿದ್ರೂ ಪರವಾಗಿರಲಿಲ್ಲ. 'ಹಿರಿಯ ವರದಿಗಾರರೊಬ್ಬರು' ಅಂತೆ. ಹುಟ್ಟಿದಾಗಿಂದ ಜೊತೆಗಿದ್ದವಳು ನಾನು, ಯಾರೋ ಒಬ್ಬರಾಗಿಬಿಟ್ನಾ?" ಅವರು ಹಾಳೆಗಳನ್ನು ಮೇಜಿನ ಮೇಲೆ ಬಡಿದರು. "ನೀನು ಅವನ ಮನೆಗೆ ಅಷ್ಟು ಸಲ ಹೋದೆ. ಅವನ ಬಗ್ಗೆ ಬರೆದಿದ್ದು ನಾನಲ್ವಾ, ನನ್ನನ್ನ ಒಂದು ಸಲ ಬಂದು ಕೇಳಿದ್ಯಾ? ಅಕ್ಕ, ಅವತ್ತು ಹಾಗೆ ಯಾಕೆ ಬರೆದೆ ಅಂತ?"

ತಂಗಿ ಕನ್ನಡಕವನ್ನು ಮತ್ತೆ ಹಾಕಿಕೊಂಡರು. ಕಡೆಗೆ, "ಹೆದರಿಕೆಯಾಯ್ತು," ಎಂದರು. "ಅಕ್ಕ, ಯಾಕೆ ಬರೆದೆ?"

"ಸುದ್ದಿ ಬೇರೆ ಪೇಪರಿಗೆ ಮೊದಲು ಸಿಕ್ಕಿಬಿಡುತ್ತೆ ಅಂತ. ಅಷ್ಟೇ. ಇನ್ನೇನೂ ಇಲ್ಲ."

ಅಮ್ಮ ತಟ್ಟೆಗಳನ್ನು ಒಂದರ ಮೇಲೊಂದು ಜೋಡಿಸುತ್ತ, "ಇಬ್ಬರೂ ಸೇರಿ ಒಬ್ಬ ಬಡಪಾಯಿ ಪ್ರಾಣ ಹಿಂಡಿದ್ರಿ," ಎಂದರು. "ಜಗಳ ಆಮೇಲೆ ಆಡ್ಕೊಳ್ಳಿ. ಮೊದಲು ಅವನ ಗತಿ ನೋಡಿ."

ಮರುದಿನವೇ ತಂಗಿ ಮೆಕ್ಯಾನಿಕ್ಕನ ಮನೆಗೆ ಹೋದರು. ಅವನನ್ನು ಕೆಲಸದಿಂದ ಬಿಡಿಸಿದ್ದ ಎರಡು ಕಟ್ಟಡಗಳಿಗೂ ಹೋಗಿ ತೀರ್ಪಿನ ಪ್ರತಿ ತೋರಿಸಿ ಮಾತಾಡಿದರು. ಒಂದು ಕಡೆಯವರು ಮತ್ತೆ ಕರೆದರು, ಇನ್ನೊಂದು ಕಡೆಯವರು ಬಾಗಿಲಲ್ಲೇ ನಿಲ್ಲಿಸಿ ಕಳಿಸಿದರು. ಹಳೆಯ ಪುಟವನ್ನು ಇನ್ನು ತೋರಿಸಬೇಡಿ ಎಂದು ಚಾನೆಲ್ಲುಗಳಿಗೆ ಬರೆದರು. ಪುಸ್ತಕದ ಮುಂದಿನ ಮುದ್ರಣದಲ್ಲಿ ಅವನ ಹೆಸರಿಲ್ಲ, ಫೋಟೋ ಇಲ್ಲ. ಬದಲಿಗೆ ಹೊಸ ಮುನ್ನುಡಿ. ಬೇರೆಯವರ ತಪ್ಪು ತೋರಿಸಲು ಹೋಗಿ ನಾನೂ ಅದೇ ತಪ್ಪು ಮಾಡಿದೆ, ಅದನ್ನು ತೋರಿಸಿಕೊಟ್ಟವಳು ಇಷ್ಟು ವರ್ಷ ಅಪರಾಧ ವರದಿ ಮಾಡಿದ ನನ್ನ ಅಕ್ಕ, ಎಂದು ಹೆಸರು ಹಿಡಿದೇ ಬರೆದಿದ್ದರು.

ಇನ್ಸ್‌ಪೆಕ್ಟರಮ್ಮ ಅದನ್ನು ಓದಿ ಮೆತ್ತಗಾಗುತ್ತಾರೆ ಎಂದು ನಾನು ಎಣಿಸಿದ್ದೆ. ಆದರೆ ಆ ಮುನ್ನುಡಿಯನ್ನು ಊರಿಗೆ ಊರೇ ಕೊಂಡಾಡಿತು. ಎಂಥ ಪ್ರಾಮಾಣಿಕತೆ, ಎಂಥ ದೊಡ್ಡ ಮನಸ್ಸು ಎಂದು ಪತ್ರಿಕೆಗಳು ಬರೆದವು. ನಮ್ಮ ಸಂಪಾದಕರೂ ಬರೆದರು. ವರ್ಷದ ಕೊನೆಗೆ ಪುಸ್ತಕಕ್ಕೆ ಪ್ರಶಸ್ತಿಯೂ ಬಂತು.

"ತಪ್ಪು ಮಾಡಿದ್ರೂ ಚಪ್ಪಾಳೆ ಬೀಳೋ ಜಾತಕ ಅವಳದ್ದು," ಎಂದು ಇನ್ಸ್‌ಪೆಕ್ಟರಮ್ಮ ಡಬ್ಬಿಯಲ್ಲಿದ್ದ ಕೊನೆಯ ಬಿಸ್ಕತ್ತನ್ನು ನನ್ನನ್ನು ಕೇಳದೆ ತಿಂದರು. "ನಾನು ಕಂಡುಹಿಡಿದಿದ್ದು, ನಾನು ಬರೆದಿದ್ದು. ಹೆಸರು ಬಂದಿದ್ದು ಅವಳಿಗೆ." ಮುನ್ನುಡಿಯಲ್ಲಿ 'ನಿರ್ದೋಷಿ' ಎನ್ನುವುದು ಒಂದು ಕಡೆ 'ನಿರ್ದೇಶಿ' ಎಂದು ಅಚ್ಚಾಗಿರುವುದನ್ನು ಅವರು ಪತ್ತೆ ಹಚ್ಚಿದರು. ಆ ವಾರವೆಲ್ಲ ಗೆಲುವಾಗಿದ್ದರು.

ಆದರೆ ಇನ್ನೊಂದು ಸಂಗತಿಯನ್ನೂ ಹೇಳಬೇಕು. ಕೋರ್ಟಿನ ತೀರ್ಪುಗಳನ್ನು ವರದಿ ಮಾಡುವುದನ್ನು ಅವರು ಯಾವತ್ತೋ ಕಿರಿಯರಿಗೆ ಬಿಟ್ಟುಕೊಟ್ಟಿದ್ದರು. ಆ ವರ್ಷದಿಂದ ತಾವೇ ಹೋಗತೊಡಗಿದರು. ತಾವು ಬಂಧನದ ಸುದ್ದಿ ಬರೆದ ಯಾರೇ ಬಿಡುಗಡೆಯಾದರೂ ಮೊದಲು ಅವನನ್ನೇ ಕೇಳುತ್ತಿದ್ದರು: ಬರೆಯಲೇ, ಬೇಡವೇ? ಬರೆಯಿರಿ ಎಂದರೆ ಬಂಧನದ ಸುದ್ದಿಯಷ್ಟೇ ಉದ್ದಕ್ಕೆ ಬರೆಯುತ್ತಿದ್ದರು. ಸಂಪಾದಕರು ಅರ್ಧ ಕತ್ತರಿಸುತ್ತಿದ್ದರು. ಇವರು ಅವರ ಕೋಣೆಗೆ ನುಗ್ಗಿ ಕಾಲು ಭಾಗವನ್ನಾದರೂ ಮರಳಿ ಸೇರಿಸಿಕೊಂಡು ಬರುತ್ತಿದ್ದರು. ಇದು ಪುಸ್ತಕದ ಪ್ರಭಾವವೇ ಎಂದು ಯಾರಾದರೂ ಕೇಳಿದರೆ ಅವರ ಗತಿ ಮುಗಿದಂತೆಯೇ.

ಪ್ರಶಸ್ತಿ ಸಮಾರಂಭಕ್ಕೆ ಅಮ್ಮನ ಒತ್ತಾಯಕ್ಕೆ ಹೋದರು. ಅಮ್ಮ ಮುಂದಿನ ಸಾಲಿನಲ್ಲಿ, ನಾವಿಬ್ಬರೂ ಹಿಂದೆ ಕಂಬದ ಪಕ್ಕ. ತಂಗಿ ವೇದಿಕೆಯ ಮೇಲೆ ಕನ್ನಡಕ ಸರಿಮಾಡಿಕೊಳ್ಳುತ್ತ, ಮೈಕಿನಿಂದ ಆದಷ್ಟು ದೂರ ನಿಂತು ಮಾತಾಡಿದರು. ಇನ್ಸ್‌ಪೆಕ್ಟರಮ್ಮ ಕೈಕಟ್ಟಿ ಕೂತಿದ್ದರು. ಎಲ್ಲರೂ ಚಪ್ಪಾಳೆ ತಟ್ಟಿದಾಗ ತಾವೂ ತಟ್ಟಿದರು, ಎಲ್ಲರಿಗಿಂತ ಮುಂಚೆ ನಿಲ್ಲಿಸಿದರು. "ಮೈಕಿನ ಹತ್ರ ನಿಂತು ಮಾತಾಡು ಅಂತ ಎಷ್ಟು ಸಲ ಹೇಳಿಲ್ಲ ಇವಳಿಗೆ," ಎಂದು ಗೊಣಗಿದರು.

ಹೊರಗೆ ಬರುವಾಗ ಪುಸ್ತಕ ಹಿಡಿದ ಹೆಂಗಸೊಬ್ಬಳು ಅವರನ್ನು ತಡೆದಳು. "ನೀವು ಲೇಖಕಿಯ ಅಕ್ಕ ಅಲ್ವಾ?"

"ಅಲ್ಲ," ಎಂದರು ಇನ್ಸ್‌ಪೆಕ್ಟರಮ್ಮ. "ಅವಳು ನನ್ನ ತಂಗಿ."

ಆ ಹೆಂಗಸು ಕಕ್ಕಾಬಿಕ್ಕಿಯಾಗಿ ನಿಂತಳು. ಇವರು ಅವಳ ಕೈಯಿಂದ ಪುಸ್ತಕ ತೆಗೆದುಕೊಂಡು, ಮುನ್ನುಡಿಯ ಪುಟ ಬಿಚ್ಚಿ, 'ನಿರ್ದೇಶಿ'ಯನ್ನು ಕೆಂಪು ಪೆನ್ನಿನಲ್ಲಿ ತಿದ್ದಿ ವಾಪಸು ಕೊಟ್ಟರು.